ತ್ರಾಕಾಯ್ ಪ್ರಭು ಕೇಸ್ತುತಿಸ್

ಹಗೆಗಳ ಲೇಖನಿಯಲ್ಲಿ ಉಳಿದ ಬಾಳು

ತನ್ನ ಬದುಕನ್ನು ಕುರಿತು ತಾನೇ ಒಂದು ಸಾಲನ್ನೂ ಬರೆದಿಡದ ವ್ಯಕ್ತಿಯ ಚರಿತ್ರೆಯನ್ನು ಕಟ್ಟುವುದು ಸುಲಭವಲ್ಲ. ಆ ವ್ಯಕ್ತಿಯ ಭಾಷೆಗೆ ಆ ಕಾಲದಲ್ಲಿ ಲಿಖಿತ ರೂಪವೇ ಇರಲಿಲ್ಲವೆಂದರೆ, ಅವನನ್ನು ಕುರಿತು ಬರೆದವರಲ್ಲಿ ಹೆಚ್ಚಿನವರು ಅವನ ಶತ್ರುಗಳೇ ಆಗಿದ್ದರೆಂದರೆ ಕೆಲಸ ಇನ್ನಷ್ಟು ಕಠಿಣವಾಗುತ್ತದೆ. ಹದಿನಾಲ್ಕನೆಯ ಶತಮಾನದ ಲಿಥುವೇನಿಯಾದ ಪ್ರಭುವೂ ದಂಡನಾಯಕನೂ ಆಗಿದ್ದ ಕೇಸ್ತುತಿಸ್ ಇಂಥ ಒಬ್ಬ ವ್ಯಕ್ತಿ. ಲಿಥುವೇನಿಯನ್ ಭಾಷೆಯ ಮೊದಲ ಮುದ್ರಿತ ಪುಸ್ತಕ ಹೊರಬಂದದ್ದು 1547ರಲ್ಲಿ, ಎಂದರೆ ಅವನು ಸತ್ತು ನೂರ ಅರವತ್ತೈದು ವರ್ಷಗಳು ಕಳೆದ ಮೇಲೆ. ಅವನ ಹೆಸರು ಉಳಿದದ್ದು ಅವನೊಡನೆ ಜೀವಮಾನವಿಡೀ ಕಾದಾಡಿದ ಜರ್ಮನ್ ಯೋಧಸಂಘದ ವೃತ್ತಾಂತಕಾರರ ಬರಹಗಳಲ್ಲಿ. ಆಮೇಲೆ, ಮುಂದಿನ ಶತಮಾನಗಳಲ್ಲಿ ಸ್ಲಾವ್ ನುಡಿಯಲ್ಲಿ ರಚಿತವಾದ ಲಿಥುವೇನಿಯಾದ ವೃತ್ತಾಂತಗಳಲ್ಲಿ.

ವಿಚಿತ್ರವೆಂದರೆ, ಹಗೆಗಳು ಬರೆದ ಆ ಪುಟಗಳಲ್ಲಿ ಕೇಸ್ತುತಿಸ್ ಖಳನಾಗಿ ಕಾಣುವುದಿಲ್ಲ. ಧೈರ್ಯಶಾಲಿ, ನೇರ ನಡೆಯವನು, ದಾಳಿಗೆ ಮುಂಚೆ ಎದುರಾಳಿಗೆ ತಿಳಿಸಿಯೇ ಬರುವವನು ಎಂಬ ಮೆಚ್ಚುಗೆಯೊಡನೆ ಅವನು ಅಲ್ಲಿ ನಿಂತಿದ್ದಾನೆ. ಕ್ರೈಸ್ತನಲ್ಲದವನನ್ನು ಕ್ರೈಸ್ತ ಯೋಧರು ಹೀಗೆ ಹೊಗಳಿದ್ದು ಸಾಮಾನ್ಯ ಸಂಗತಿಯಲ್ಲ. ಆದರೂ ಅದೇ ಮನುಷ್ಯ ಒಮ್ಮೆ ರಾಜನೊಬ್ಬನ ಮುಂದೆ ಇಟ್ಟ ಆಣೆಯನ್ನು ಕೆಲವೇ ದಿನಗಳಲ್ಲಿ ಮುರಿದು ಓಡಿಹೋದವನು. ಕೊನೆಯಲ್ಲಿ ಅವನ ಪ್ರಾಣ ಹೋದದ್ದು ಇನ್ನೊಬ್ಬರು ಕೊಟ್ಟ ಮಾತನ್ನು ನಂಬಿದ್ದರಿಂದ. ಕೊಟ್ಟ ಮಾತು, ಇಟ್ಟ ಆಣೆ, ನಂಬಿದ ನೆಂಟಸ್ತಿಕೆ ಈ ಮೂರರ ನಡುವೆ ಅವನ ಬಾಳು ಹಾದುಹೋಗಿದೆ.

ಕಾಡು, ಜೌಗು, ಎರಡು ಗಡಿಗಳು

ಬಾಲ್ಟಿಕ್ ಸಮುದ್ರದ ಆಗ್ನೇಯ ದಂಡೆಯ ಲಿಥುವೇನಿಯಾ ಆಗ ಯೂರೋಪಿನಲ್ಲಿ ಕ್ರೈಸ್ತ ಮತವನ್ನು ಒಪ್ಪದೆ ಉಳಿದ ಕೊನೆಯ ದೊಡ್ಡ ರಾಜ್ಯ. ಮರಗಳನ್ನೂ ಬೆಂಕಿಯನ್ನೂ ಗುಡುಗಿನ ದೇವರನ್ನೂ ಪೂಜಿಸುತ್ತಿದ್ದ ಜನ ಅಲ್ಲಿದ್ದರು. ಪೂರ್ವ ಮತ್ತು ದಕ್ಷಿಣಕ್ಕೆ ರೂಸ್ ಜನರ ಆರ್ಥೊಡಾಕ್ಸ್ ಕ್ರೈಸ್ತ ಸಂಸ್ಥಾನಗಳು. ಅವು ಒಂದೊಂದಾಗಿ ಲಿಥುವೇನಿಯಾದ ಆಳ್ವಿಕೆಗೆ ಬರುತ್ತಿದ್ದವು. ಪಶ್ಚಿಮಕ್ಕೆ ಪ್ರಷ್ಯ, ಉತ್ತರಕ್ಕೆ ಲಿವೋನಿಯ. ಈ ಎರಡೂ ಟ್ಯೂಟಾನಿಕ್ ಸಂಘವೆಂಬ ಯೋಧಸನ್ಯಾಸಿಗಳ ಕೈಯಲ್ಲಿದ್ದವು. ಬಿಳಿಯ ನಿಲುವಂಗಿಯ ಮೇಲೆ ಕಪ್ಪು ಶಿಲುಬೆಯನ್ನು ತೊಟ್ಟ ಈ ಸಂಘದವರು 1309ರಿಂದ ಮರಿಯೆನ್‌ಬುರ್ಗ್ ಎಂಬ ಇಟ್ಟಿಗೆಯ ಮಹಾಕೋಟೆಯನ್ನು ರಾಜಧಾನಿ ಮಾಡಿಕೊಂಡಿದ್ದರು. ಅವರ ಎರಡು ನೆಲೆಗಳ ನಡುವೆ ಚಾಚಿಕೊಂಡಿದ್ದ ನಾಡು ಝೆಮೈತಿಯಾ. ಅದನ್ನು ಗೆದ್ದರೆ ಅವರ ಪ್ರಷ್ಯ ಮತ್ತು ಲಿವೋನಿಯ ಒಂದಾಗುತ್ತವೆ. ಉಳಿಸಿಕೊಂಡರೆ ಲಿಥುವೇನಿಯಾ ಬದುಕುತ್ತದೆ. ಆ ಶತಮಾನದ ಯುದ್ಧಗಳಲ್ಲಿ ಬಹುಪಾಲು ನಡೆದದ್ದು ಈ ಲೆಕ್ಕಾಚಾರದ ಮೇಲೆ.

ಆ ಯುದ್ಧಗಳ ಸ್ವರೂಪವನ್ನು ಋತುಗಳು ನಿರ್ಧರಿಸುತ್ತಿದ್ದವು. ನೆಲದ ತುಂಬ ಕಾಡು, ಕೆರೆ, ಜೌಗು. ಚಳಿಗಾಲದಲ್ಲಿ ಜೌಗೂ ಹೊಳೆಯೂ ಹೆಪ್ಪುಗಟ್ಟಿದಾಗ, ಬೇಸಿಗೆಯಲ್ಲಿ ನೆಲ ಒಣಗಿದಾಗ ಮಾತ್ರ ಕುದುರೆಸೈನ್ಯ ಸಾಗಬಹುದಿತ್ತು. ಹಿಮ ಸಾಲದಿದ್ದರೆ ದಂಡಯಾತ್ರೆ ನಿಲ್ಲುತ್ತಿತ್ತು. ಹಿಮ ಅತಿಯಾದರೂ ನಿಲ್ಲುತ್ತಿತ್ತು. ಯಾವ ದಾರಿಯಲ್ಲಿ ನೀರಿದೆ, ಎಲ್ಲಿ ಮೇವು ಸಿಗುತ್ತದೆ, ಎಲ್ಲಿ ಸೇತುವೆ ಕಟ್ಟಬೇಕು ಎಂದು ವಿವರಿಸುವ ಸುಮಾರು ನೂರು ಮಾರ್ಗವರದಿಗಳನ್ನು ಸಂಘದವರು ಆ ಶತಮಾನದ ಕೊನೆಯಲ್ಲಿ ಬರೆಸಿಟ್ಟರು. ಅವು ಇಂದಿಗೂ ಉಳಿದಿವೆ. ಈ ದಂಡಯಾತ್ರೆಗಳಿಗೆ ಧರ್ಮಯುದ್ಧದ ಪಟ್ಟವಿತ್ತು. ಆದ್ದರಿಂದ ಪಶ್ಚಿಮ ಯೂರೋಪಿನ ಸರದಾರರು ಪುಣ್ಯಕ್ಕೂ ಕೀರ್ತಿಗೂ ಆಸೆಪಟ್ಟು ಅತಿಥಿಗಳಾಗಿ ಬರುತ್ತಿದ್ದರು. ಬೊಹೇಮಿಯಾದ ರಾಜ ಜಾನ್ ಬಂದಿದ್ದನು. ಮುಂದೆ ನಾಲ್ಕನೆಯ ಹೆನ್ರಿ ಎಂದು ಇಂಗ್ಲೆಂಡನ್ನು ಆಳಿದವನೂ 1390ರಲ್ಲಿ ಬಂದನು. ಚಾಸರ್ ಕವಿ ಕ್ಯಾಂಟರ್‌ಬರಿ ಕಥೆಗಳಲ್ಲಿ ಚಿತ್ರಿಸಿದ ಸರದಾರನೂ ಲಿಥುವೇನಿಯಾದಲ್ಲಿ ಕಾದಾಡಿ ಬಂದವನೇ. ಆ ಕಾಲದ ಇಂಗ್ಲಿಷ್ ಓದುಗನಿಗೆ ಅದು ಸರದಾರನ ಘನತೆಯ ಗುರುತು. ಕಾವ್ಯದಲ್ಲಿ ಒಂದು ಪದವಾಗಿ ಸುಳಿದುಹೋಗುವ ಆ ಯುದ್ಧದ ಇನ್ನೊಂದು ತುದಿಯಲ್ಲಿ ನಿಂತಿದ್ದವನು ಕೇಸ್ತುತಿಸ್.

ಹಿರಿಯನಿಗೆ ಬಿಟ್ಟುಕೊಟ್ಟ ಪೀಠ

ಕೇಸ್ತುತಿಸ್ ಮಹಾಪ್ರಭು ಗೆದಿಮಿನಾಸ್‌ನ ಏಳು ಗಂಡುಮಕ್ಕಳಲ್ಲಿ ಒಬ್ಬ. ವಿಲ್ನಿಯಸ್ ನಗರದ ಹೆಸರು ದಾಖಲೆಗಳಲ್ಲಿ ಮೊದಲು ಕಾಣಿಸಿಕೊಳ್ಳುವುದು 1323ರಲ್ಲಿ ಇದೇ ಗೆದಿಮಿನಾಸ್ ಪಶ್ಚಿಮದ ನಗರಗಳಿಗೆ ವರ್ತಕರನ್ನೂ ಕುಶಲಕರ್ಮಿಗಳನ್ನೂ ಆಹ್ವಾನಿಸಿ ಬರೆಸಿದ ಪತ್ರಗಳಲ್ಲಿ. 1341ರಲ್ಲಿ ಅವನು ತೀರಿಕೊಂಡಾಗ ರಾಜ್ಯ ಮಕ್ಕಳಲ್ಲಿ ಹಂಚಿಹೋಯಿತು. ತ್ರಾಕಾಯ್ ಕೇಸ್ತುತಿಸ್‌ನ ಪಾಲಿಗೆ ಬಂತು. ಕ್ರೇವಾ ಅವನ ಅಣ್ಣ ಆಲ್ಗಿರ್ದಾಸ್‌ನ ಪಾಲಿಗೆ. ಕ್ರೇವಾ ಎಂಬ ಈ ಹೆಸರನ್ನು ನೆನಪಿನಲ್ಲಿಡಬೇಕು. ಈ ಕಥೆ ತಿರುತಿರುಗಿ ಅಲ್ಲಿಗೇ ಬರುತ್ತದೆ. ವಿಲ್ನಿಯಸ್ಸೂ ಅದರೊಡನೆ ಹಿರಿತನವೂ ಯೌನುತಿಸ್ ಎಂಬ ಸೋದರನಿಗೆ ದೊರೆತವು.

ಯೌನುತಿಸ್ ಸಮರ್ಥ ಆಡಳಿತಗಾರನಾಗಲಿಲ್ಲ. ಪಶ್ಚಿಮದಿಂದ ದಾಳಿಗಳು ಹೆಚ್ಚುತ್ತಿದ್ದವು. ಕೇಸ್ತುತಿಸ್ ಮತ್ತು ಆಲ್ಗಿರ್ದಾಸ್ ಗುಟ್ಟಾಗಿ ಒಂದಾಗಿ 1345ರ ಚಳಿಗಾಲದಲ್ಲಿ ವಿಲ್ನಿಯಸ್ಸನ್ನು ವಶಪಡಿಸಿಕೊಳ್ಳಲು ನಿಶ್ಚಯಿಸಿದರು. ಲಿಥುವೇನಿಯಾದ ವೃತ್ತಾಂತಗಳು ಹೇಳುವಂತೆ, ವಿತೆಬ್ಸ್ಕ್‌ನಿಂದ ಹೊರಟ ಆಲ್ಗಿರ್ದಾಸ್ ಇನ್ನೂ ಕ್ರೇವಾದಲ್ಲಿ ಇರುವಾಗಲೇ ಕೇಸ್ತುತಿಸ್ ರಾತ್ರಿಯಿಡೀ ಕುದುರೆ ಓಡಿಸಿ ಬಂದು ಕೋಟೆಯನ್ನು ಹಿಡಿದುಬಿಟ್ಟಿದ್ದನು. ಬೆಟ್ಟಕ್ಕೆ ಓಡಿಹೋದ ಯೌನುತಿಸ್ ಹಿಮದಲ್ಲಿ ಕಾಲು ಮರಗಟ್ಟಿ ಸೆರೆಸಿಕ್ಕನು. ಅವನನ್ನು ಕೊಲ್ಲಲಿಲ್ಲ. ಮುಂದೆ ಅವನು ಮಾಸ್ಕೋಗೆ ಓಡಿಹೋಗಿ, ಹಿಂದಿರುಗಿ, ಸಣ್ಣದೊಂದು ಸಂಸ್ಥಾನವನ್ನು ಪಡೆದು ಬಾಳಿದನು.

ಪೀಠ ಆಗ ಕೇಸ್ತುತಿಸ್‌ನ ಕೈಯಲ್ಲಿತ್ತು. ಕೋಟೆಯನ್ನು ಹಿಡಿದವನೂ ಅಪಾಯವನ್ನು ಹೊತ್ತವನೂ ಅವನೇ. ಆದರೂ ಅವನು ಅಣ್ಣ ಬರುವವರೆಗೆ ಕಾದು, ಹಿರಿಯನಾದ ಆಲ್ಗಿರ್ದಾಸ್‌ನನ್ನೇ ಮಹಾಪ್ರಭುವೆಂದು ಒಪ್ಪಿಕೊಂಡನು. ಇನ್ನು ಮುಂದೆ ಗೆದ್ದುಕೊಂಡದ್ದನ್ನು ಇಬ್ಬರೂ ಸಮವಾಗಿ ಹಂಚಿಕೊಳ್ಳಬೇಕು, ಒಬ್ಬರ ವಿರುದ್ಧ ಇನ್ನೊಬ್ಬರು ಕೇಡು ಬಗೆಯಬಾರದು ಎಂದು ಒಪ್ಪಂದವಾಯಿತು. ಆಲ್ಗಿರ್ದಾಸ್ ಪೂರ್ವಕ್ಕೆ ಮುಖಮಾಡಿ ರೂಸ್ ನಾಡುಗಳತ್ತ, ಕೀವ್‌ನತ್ತ, ಮಾಸ್ಕೋದತ್ತ ನಡೆದನು. ಕೇಸ್ತುತಿಸ್ ತ್ರಾಕಾಯ್, ಝೆಮೈತಿಯಾ, ಗ್ರೋದ್ನೊ, ಬ್ರೆಸ್ತ್ ಸೀಮೆಗಳನ್ನು ಹಿಡಿದು ಪಶ್ಚಿಮದ ಗಡಿಯನ್ನು ಕಾದನು. ಅಣ್ಣನ ಪಾಲಿಗೆ ವಿಸ್ತರಣೆಯ ಕೀರ್ತಿ. ತಮ್ಮನ ಪಾಲಿಗೆ ಪ್ರತಿ ಚಳಿಗಾಲವೂ ಸುಟ್ಟುಹೋಗುವ ಗಡಿ. ಈ ಹಂಚಿಕೆ ಮೂವತ್ತೆರಡು ವರ್ಷ ಕೆಡದೆ ನಡೆಯಿತು. ಅಣ್ಣತಮ್ಮಂದಿರ ಕಲಹವೇ ರಾಜವಂಶಗಳ ಚರಿತ್ರೆಯಾಗಿದ್ದ ಆ ಕಾಲದಲ್ಲಿ ಇದು ಅಪರೂಪದ ಸಂಗತಿ.

ಗಡಿಯ ಕಾವಲು

ಗಡಿಯ ಯುದ್ಧವೆಂದರೆ ದೊಡ್ಡ ಬಯಲಿನಲ್ಲಿ ಎರಡು ಸೈನ್ಯಗಳು ಎದುರುಬದುರಾಗುವುದು ಎಂದೇನೂ ಅಲ್ಲ. ಅಂಥ ಕಾಳಗಗಳು ಬೆರಳೆಣಿಕೆಯಷ್ಟೇ. ಹೆಚ್ಚಿನವು ಕೆಲವು ದಿನಗಳ ಮಿಂಚಿನ ದಾಳಿಗಳು: ಹಳ್ಳಿಯನ್ನು ಸುಡುವುದು, ದನಕರುಗಳನ್ನು ಅಟ್ಟಿಕೊಂಡು ಹೋಗುವುದು, ಜನರನ್ನು ಸೆರೆಹಿಡಿಯುವುದು. ಇತಿಹಾಸಕಾರರ ಲೆಕ್ಕದಂತೆ 1345ರಿಂದ 1382ರ ವರೆಗೆ ಸಂಘದವರು ಪ್ರಷ್ಯದಿಂದ ಸುಮಾರು 70 ಸಲ, ಲಿವೋನಿಯದಿಂದ ಸುಮಾರು 30 ಸಲ ಲಿಥುವೇನಿಯಾದ ಮೇಲೆ ನುಗ್ಗಿದರು. ಲಿಥುವೇನಿಯಾದವರು ಸುಮಾರು 40 ಸಲ ತಿರುಗಿ ನುಗ್ಗಿದರು. ಕೇಸ್ತುತಿಸ್ ಮೆಚ್ಚುಗೆಗೆ ಪಾತ್ರನಾದ ವೀರನೆಂಬುದು ನಿಜ. ಅವನ ಕುದುರೆಸವಾರರು ಪ್ರಷ್ಯದ ಹಳ್ಳಿಗಳಲ್ಲಿ ಉರಿಯನ್ನೂ ಗೋಳನ್ನೂ ಬಿಟ್ಟುಹೋಗುತ್ತಿದ್ದರೆಂಬುದೂ ಅಷ್ಟೇ ನಿಜ. ಎರಡೂ ಕಡೆಗಳಲ್ಲಿ ಸುಟ್ಟ ಗುಡಿಸಲು ಉಳುವವನದು.

1348ರ ಫೆಬ್ರುವರಿ 2ರಂದು ಸ್ತ್ರೇವಾ ಹೊಳೆಯ ಬಳಿ ನಡೆದ ಕಾಳಗದಲ್ಲಿ ಲಿಥುವೇನಿಯಾದವರು ಭಾರಿ ಸೋಲನ್ನು ಕಂಡರು. ಕೇಸ್ತುತಿಸ್‌ನ ಸೋದರ ನರಿಮಾಂತಾಸ್ ಅಲ್ಲಿ ಮಡಿದನು. ಸೋಲಿನ ಮರುವರ್ಷ ಕ್ರೈಸ್ತ ಮತವನ್ನು ಸ್ವೀಕರಿಸುವ ಮಾತುಕತೆಯನ್ನು ಕೇಸ್ತುತಿಸ್ ತೆರೆದನು. ಪೋಪನಿಗೆ ಸುದ್ದಿ ಮುಟ್ಟಿ, ಕಿರೀಟ ಕೊಡುವ ಮಾತೂ ಬಂತು. ಪಶ್ಚಿಮದ ದಾಳಿಗಳಿಗೆ ಧರ್ಮಯುದ್ಧವೆಂಬ ನೆಪವಿರುವವರೆಗೆ ಅವು ನಿಲ್ಲುವುದಿಲ್ಲ, ನೆಪವನ್ನೇ ತೆಗೆದುಹಾಕಿದರೆ ಹೇಗೆ ಎಂಬ ಯೋಚನೆ ಆ ಮನೆತನದ ಒಳಗೆ ಗೆದಿಮಿನಾಸ್‌ನ ಕಾಲದಿಂದಲೂ ಇತ್ತು.

1351ರ ಬೇಸಿಗೆಯಲ್ಲಿ ಹಂಗೇರಿಯ ರಾಜ ಲೂಯಿ ದೊಡ್ಡ ಸೈನ್ಯದೊಡನೆ ಬಂದಾಗ ಈ ಮಾತುಕತೆ ಆಣೆಯ ಹಂತಕ್ಕೆ ಮುಟ್ಟಿತು. ಹಂಗೇರಿಯ ವೃತ್ತಾಂತವೊಂದು ಆ ದೃಶ್ಯವನ್ನು ವಿವರವಾಗಿ ಬಣ್ಣಿಸಿದೆ. ಕೇಸ್ತುತಿಸ್ ತನ್ನ ನಾಡಿನ ಪದ್ಧತಿಯಂತೆ ಒಂದು ಎತ್ತನ್ನು ಬಲಿಕೊಟ್ಟು, ಅದರ ನೆತ್ತರನ್ನು ಮೈಗೆ ಬಳಿದುಕೊಂಡು, ಕಡಿದ ತಲೆಗೂ ಮುಂಡಕ್ಕೂ ನಡುವೆ ಹಾದುಹೋಗಿ ಪ್ರಮಾಣ ಮಾಡಿದನು. ರಾಜನೊಡನೆ ಬುಡಾ ನಗರಕ್ಕೆ ಹೋಗಿ ದೀಕ್ಷಾಸ್ನಾನ ಪಡೆಯುವುದು ಷರತ್ತು. ಆದರೆ ದಾರಿಯಲ್ಲಿ, ಕೆಲವು ದಿನಗಳ ಪಯಣದ ಮೇಲೆ, ಒಂದು ರಾತ್ರಿ ಕೇಸ್ತುತಿಸ್ ತಪ್ಪಿಸಿಕೊಂಡು ತನ್ನ ನಾಡಿಗೆ ಮರಳಿದನು. ಲೂಯಿಯ ಸೈನ್ಯ ಅಷ್ಟರಲ್ಲಿ ಹಿಂದಿರುಗಿಯಾಗಿತ್ತು. ನಾಡಿನ ಮೇಲಿನ ಆಪತ್ತು ಕಳೆದಿತ್ತು.

ಇದನ್ನು ವಂಚನೆ ಎನ್ನಬೇಕೇ, ರಾಜನೀತಿ ಎನ್ನಬೇಕೇ? ಮಾತಿಗೆ ತಪ್ಪದವನೆಂದು ಅವನನ್ನು ಹೊಗಳುವ ಸಾಲುಗಳ ಪಕ್ಕದಲ್ಲಿ ಈ ಘಟನೆಯನ್ನೂ ಇಟ್ಟು ನೋಡುವುದು ನ್ಯಾಯ. ತನ್ನ ದೇವರ ಮುಂದೆ ನೆತ್ತರು ಬಳಿದು ಇಟ್ಟ ಆಣೆಯನ್ನು ಅವನು ಮುರಿದನು. ನಾಡನ್ನು ಉಳಿಸಲು ಮುರಿದನು ಎಂಬುದು ಸಮರ್ಥನೆಯಾಗಬಹುದು, ಮುರಿಯಲಿಲ್ಲ ಎನ್ನುವಂತಿಲ್ಲ. 1358ರಲ್ಲಿ ಚಕ್ರವರ್ತಿ ನಾಲ್ಕನೆಯ ಚಾರ್ಲ್ಸ್ ಮತ್ತೆ ಮತಾಂತರದ ಮಾತೆತ್ತಿದಾಗ ಲಿಥುವೇನಿಯಾದ ಉತ್ತರ ಬೇರೆಯೇ ಆಗಿತ್ತು. ಸಂಘದವರು ಕಿತ್ತುಕೊಂಡ ನೆಲವನ್ನು ಹಿಂದಿರುಗಿಸಬೇಕು. ಆ ಯೋಧರು ನಿಜವಾಗಿ ಕ್ರೈಸ್ತ ಧರ್ಮವನ್ನು ಕಾಯುವವರಾದರೆ ಅವರನ್ನು ತಾರ್ತರರ ಎದುರು ಹುಲ್ಲುಗಾವಲಿನ ಗಡಿಗೆ ಕಳುಹಿಸಬೇಕು. ಈ ಷರತ್ತುಗಳನ್ನು ಯಾರೂ ಒಪ್ಪುವಂತಿರಲಿಲ್ಲ. ಆದರೆ ಧರ್ಮದ ಹೆಸರಿನಲ್ಲಿ ನಡೆಯುತ್ತಿದ್ದ ಯುದ್ಧ ನೆಲಕ್ಕಾಗಿ ನಡೆಯುವ ಯುದ್ಧ ಎಂಬುದನ್ನು ಆ ಉತ್ತರ ಬಯಲಿಗಿಟ್ಟಿತು.

ಸೆರೆಮನೆಯ ಗೋಡೆ

1361ರಲ್ಲಿ ಪ್ರಷ್ಯದ ಗಡಿಯಲ್ಲಿ ನಡೆದ ಚಕಮಕಿಯೊಂದರಲ್ಲಿ ಕೇಸ್ತುತಿಸ್ ಕುದುರೆಯಿಂದ ಉರುಳಿ ಸೆರೆಸಿಕ್ಕನು. ಸಂಘದವರಿಗೆ ಇದಕ್ಕಿಂತ ದೊಡ್ಡ ಬೇಟೆ ಇನ್ನಿರಲಿಲ್ಲ. ಅವನನ್ನು ಮರಿಯೆನ್‌ಬುರ್ಗ್ ಕೋಟೆಯಲ್ಲಿ, ದಪ್ಪ ಗೋಡೆಯ ಕೋಣೆಯಲ್ಲಿಟ್ಟು ಕಾವಲು ಹಾಕಿದರು. ಅವನ ಸೇವೆಗೆ ನೇಮಿಸಿದ್ದ ಆಳಿನ ಹೆಸರು ಆಲ್ಫ್. ದೀಕ್ಷಾಸ್ನಾನ ಪಡೆದು ಸಂಘದವರ ನಂಬಿಕೆಗೆ ಪಾತ್ರನಾಗಿದ್ದ ಇವನು ಹುಟ್ಟಿನಿಂದ ಲಿಥುವೇನಿಯಾದವನು. ಕೋಣೆಯೊಳಗೆ ಕೇಳಿಬಂದ ತಾಯ್ನುಡಿ ಆಲ್ಫ್‌ನ ಮನಸ್ಸನ್ನು ತಿರುಗಿಸಿತೆಂದು ಊಹಿಸಿದರೆ ತಪ್ಪಾಗಲಾರದು. ಅವನು ಉಪಕರಣಗಳನ್ನು ತಂದುಕೊಟ್ಟನು. ಕೇಸ್ತುತಿಸ್ ಗೋಡೆಯನ್ನು ಸ್ವಲ್ಪಸ್ವಲ್ಪವಾಗಿ ಕೊರೆದನು. ಕೆಲವು ತಿಂಗಳ ಮೇಲೆ ಒಂದು ರಾತ್ರಿ ಇಬ್ಬರೂ ಆ ಕಿಂಡಿಯಿಂದ ಹೊರಬಿದ್ದು, ಸಂಘದವರ ಬಿಳಿಯ ನಿಲುವಂಗಿಯನ್ನೇ ತೊಟ್ಟು, ಸಂಘದ ಕುದುರೆಗಳನ್ನೇ ಏರಿ ಹೊರಟರು. ದಾರಿಯಲ್ಲಿ ಎದುರಾದವರು ಇವರನ್ನು ಸಂಘದ ಸೋದರರೆಂದೇ ಬಗೆದರು. ಮುಂದೆ ಕುದುರೆಗಳನ್ನು ಬಿಟ್ಟು, ಹಗಲು ಜೌಗಿನಲ್ಲಿ ಅಡಗಿ, ರಾತ್ರಿ ನಡೆದು ಮಜೋವಿಯಾ ಮಾರ್ಗವಾಗಿ ನಾಡನ್ನು ಸೇರಿದರು. ಹಗೆಯ ವೃತ್ತಾಂತಕಾರನೂ ಮರೆಮಾಚದೆ ದಾಖಲಿಸಿದ ಸಾಹಸ ಇದು.

ಸಂಘದವರ ಉತ್ತರಕ್ಕೆ ಹೆಚ್ಚು ಕಾಯಬೇಕಾಗಲಿಲ್ಲ. 1362ರ ವಸಂತದಲ್ಲಿ ಮಹಾಧಿಪತಿ ವಿನ್ರಿಖ್ ಫಾನ್ ಕ್ನಿಪ್ರೋಡೆ ನೇಮುನಾಸ್ ಮತ್ತು ನೇರಿಸ್ ನದಿಗಳು ಕೂಡುವಲ್ಲಿದ್ದ ಕೌನಾಸ್ ಕೋಟೆಗೆ ಮುತ್ತಿಗೆ ಹಾಕಿದನು. ಕೋಟೆಯ ರಕ್ಷಣೆಯನ್ನು ಹೊತ್ತವನು ಕೇಸ್ತುತಿಸ್‌ನ ಮಗ ವೈದೋತಾಸ್. ಸಂಘದವರು ಕೋಟೆಯ ಸುತ್ತ ತಮ್ಮದೇ ಕಂದಕವನ್ನೂ ಬೇಲಿಯನ್ನೂ ಕಟ್ಟಿ, ಮುತ್ತಿಗೆಯ ಯಂತ್ರಗಳಿಂದ ಗೋಡೆಯನ್ನು ಒಡೆಯತೊಡಗಿದರು. ಕೇಸ್ತುತಿಸ್ ಮತ್ತು ಆಲ್ಗಿರ್ದಾಸ್ ಸೈನ್ಯದೊಡನೆ ಬಂದರೂ ಆ ಕಂದಕವನ್ನು ದಾಟಿ ಒಳಗಿದ್ದವರಿಗೆ ನೆರವಾಗಲು ಆಗಲಿಲ್ಲ. ಈಸ್ಟರ್ ಹಬ್ಬದ ಹೊತ್ತಿಗೆ ಕೋಟೆ ಬಿತ್ತು. ವೃತ್ತಾಂತದ ಪ್ರಕಾರ ಒಳಗಿದ್ದ ನೂರಾರು ಮಂದಿಯಲ್ಲಿ ಬದುಕಿ ಸೆರೆಸಿಕ್ಕವರು 36 ಮಂದಿ. ಅವರಲ್ಲಿ ವೈದೋತಾಸನೂ ಒಬ್ಬ. ತನ್ನ ಸೆರೆಯಿಂದ ತಪ್ಪಿಸಿಕೊಂಡು ಬಂದ ತಂದೆ ಕೆಲವೇ ತಿಂಗಳಲ್ಲಿ ಮಗನ ಸೆರೆಯನ್ನು ಕಣ್ಣಾರೆ ಕಾಣಬೇಕಾಯಿತು.

ಮನೆ ಮತ್ತು ಮಕ್ಕಳು

ಕೇಸ್ತುತಿಸ್‌ನ ಹೆಂಡತಿ ಬಿರುತೆಯ ಸುತ್ತ ಜನಪದದ ನೆನಪು ದಟ್ಟವಾಗಿದೆ. ಬಾಲ್ಟಿಕ್ ಕಡಲ ದಂಡೆಯ ಪಲಾಂಗಾದಲ್ಲಿ ದೇವರಿಗೆ ಮುಡಿಪಾಗಿ ಕನ್ಯೆಯಾಗಿಯೇ ಇರುವೆನೆಂದು ವ್ರತ ತೊಟ್ಟಿದ್ದ ಆಕೆಯ ರೂಪಕ್ಕೂ ಜಾಣ್ಮೆಗೂ ಮನಸೋತು ಕೇಸ್ತುತಿಸ್ ಅವಳನ್ನು ಬಲವಂತವಾಗಿ ಕರೆದೊಯ್ದು, ತ್ರಾಕಾಯ್‌ನಲ್ಲಿ ವೈಭವದಿಂದ ಮದುವೆಯಾದನೆಂದು ಹದಿನಾರನೆಯ ಶತಮಾನದ ವೃತ್ತಾಂತ ಹೇಳುತ್ತದೆ. ಇದು ಚರಿತ್ರೆಗಿಂತ ಹೆಚ್ಚಾಗಿ ಐತಿಹ್ಯ. ಪಲಾಂಗಾದಲ್ಲಿ ಇಂದಿಗೂ ಬಿರುತೆಯ ಹೆಸರಿನ ಗುಡ್ಡವಿದೆ. ಇವರ ಮಗ ವೀತೌತಾಸ್ ಮುಂದೆ ಲಿಥುವೇನಿಯಾದ ಅತ್ಯಂತ ಪ್ರಸಿದ್ಧ ಮಹಾಪ್ರಭುವಾದನು. ದಾನುತೆ ಎಂಬ ಮಗಳು ಮಜೋವಿಯಾದ ಪ್ರಭುವನ್ನು ಮದುವೆಯಾಗಿ ಕ್ರೈಸ್ತಳಾದಳು.

ತ್ರಾಕಾಯ್ ಅನ್ನು ಕೆರೆಗಳ ನಡುವಣ ಕೋಟೆಯೂರಾಗಿ ಬೆಳೆಸಿದವನೂ ಕೇಸ್ತುತಿಸ್‌ನೇ. ಭೂಶಿರದ ಮೇಲೆ ಒಂದು ಕೋಟೆ, ಗಾಲ್ವೆ ಸರೋವರದ ನಡುಗಡ್ಡೆಯ ಮೇಲೆ ಇನ್ನೊಂದು. ಎರಡನೆಯದನ್ನು ಪೂರ್ಣಗೊಳಿಸಿದವನು ಮಗ ವೀತೌತಾಸ್. ಇಂದು ಲಿಥುವೇನಿಯಾದ ಚಿತ್ರಪಟಗಳಲ್ಲಿ ನೀರಿನ ನಡುವೆ ಕೆಂಪಿಟ್ಟಿಗೆಯಲ್ಲಿ ಎದ್ದು ಕಾಣುವುದು ಅದೇ ಕೋಟೆ.

ಆದರೆ ಮನೆಯೊಳಗೂ ಬಿರುಕಿತ್ತು. 1365ರಲ್ಲಿ ಕೇಸ್ತುತಿಸ್‌ನ ಇನ್ನೊಬ್ಬ ಮಗ ಬುತೌತಾಸ್ ವಿಲ್ನಿಯಸ್ಸಿನಲ್ಲಿ ಅಧಿಕಾರವನ್ನು ಕಿತ್ತುಕೊಳ್ಳಲು ಯತ್ನಿಸಿ, ವಿಫಲನಾಗಿ, ಸಂಘದವರ ಮರೆಹೊಕ್ಕನು. ಕೋನಿಗ್ಸ್‌ಬರ್ಗ್‌ನಲ್ಲಿ ಅವನಿಗೆ ಹೆನ್ರಿ ಎಂಬ ಹೆಸರಿನಲ್ಲಿ ದೀಕ್ಷಾಸ್ನಾನವಾಯಿತು. ಗಡಿಯಾಚೆಗಿನ ಹಗೆ ಎಂದರೆ ಯಾವಾಗಲೂ ಯುದ್ಧಕ್ಕೆ ಬರುವವನೇ ಎಂದಲ್ಲ. ಮನೆಯಲ್ಲಿ ಮುನಿದವನಿಗೆ ಆಸರೆ ಕೊಡುವವನೂ ಅವನೇ ಎಂಬುದು ಆಗ ಮೊದಲ ಬಾರಿಗೆ ಕೇಸ್ತುತಿಸ್‌ನ ಅನುಭವಕ್ಕೆ ಬಂತು. 1370ರ ಫೆಬ್ರುವರಿಯಲ್ಲಿ ರುದಾವ್ ಎಂಬಲ್ಲಿ ಅಣ್ಣತಮ್ಮಂದಿರು ಜೊತೆಯಾಗಿ ಸಂಘದವರನ್ನು ಎದುರಿಸಿದರು. ಸಂಘದ ದಂಡಾಧಿಪತಿ ಹೆನ್ನಿಂಗ್ ಶಿಂಡೆಕೋಫ್ ಸತ್ತರೂ ಕಾಳಗ ಸಂಘದವರದಾಯಿತು. ಕೇಸ್ತುತಿಸ್ ಗೆದ್ದ ಮಹಾಯುದ್ಧಗಳ ಪಟ್ಟಿಯೇನೂ ದೊಡ್ಡದಲ್ಲ. ಸೋತ ಮರುದಿನವೂ ಗಡಿಯಲ್ಲಿ ಇರುತ್ತಿದ್ದನು ಎಂಬುದೇ ಅವನ ದಂಡನಾಯಕತ್ವದ ಸಾರ. ಅವನ ಕಾಲದಲ್ಲಿ ಝೆಮೈತಿಯಾ ಸಂಘದವರ ಕೈಸೇರಲಿಲ್ಲ.

ಗುಟ್ಟಿನ ಒಪ್ಪಂದ

1377ರಲ್ಲಿ ಆಲ್ಗಿರ್ದಾಸ್ ತೀರಿಕೊಂಡನು. ಅವನ ಇಚ್ಛೆಯಂತೆ ಎರಡನೆಯ ಹೆಂಡತಿಯ ಮಗ ಯೊಗೈಲಾ ಪೀಠವೇರಿದನು. ವಯಸ್ಸಿನಲ್ಲಿಯೂ ಅನುಭವದಲ್ಲಿಯೂ ಹಿರಿಯನಾದ ಕೇಸ್ತುತಿಸ್ ಈ ಸಲವಾದರೂ ಪೀಠವನ್ನು ಬೇಡಬಹುದಿತ್ತು. ಬೇಡಲಿಲ್ಲ. ಅಣ್ಣನಿಗೆ ನಡೆದುಕೊಂಡಂತೆಯೇ ಅಣ್ಣನ ಮಗನಿಗೂ ನಡೆದುಕೊಂಡನು. ಪೀಠಕ್ಕೆ ಹಕ್ಕು ಹೂಡಿದವನು ಆಲ್ಗಿರ್ದಾಸ್‌ನ ಮೊದಲ ಹೆಂಡತಿಯ ಮಗ, ಪೊಲೊತ್ಸ್ಕ್‌ನ ಆಂದ್ರೇಯ್. ಅವನಿಗೆ ಕೇಸ್ತುತಿಸ್ ಬೆಂಬಲ ಕೊಡಲಿಲ್ಲ. 1379ರ ಸೆಪ್ಟೆಂಬರಿನಲ್ಲಿ ಚಿಕ್ಕಪ್ಪನೂ ಮಗನೂ ಸೇರಿ ತ್ರಾಕಾಯ್‌ನಲ್ಲಿ ಸಂಘದವರೊಡನೆ ಕೆಲವು ಸೀಮೆಗಳಿಗೆ ಅನ್ವಯಿಸುವ ಹತ್ತು ವರ್ಷದ ಕದನವಿರಾಮಕ್ಕೆ ಒಪ್ಪಿದರು.

ಆದರೆ ಯೊಗೈಲಾನ ಲೆಕ್ಕ ಬೇರೆಯಿತ್ತು. ಪೂರ್ವದಲ್ಲಿ ಮಾಸ್ಕೋ ಬಲಗೊಳ್ಳುತ್ತಿತ್ತು. ಮಲಸೋದರರು ಹಗೆ ಸಾಧಿಸುತ್ತಿದ್ದರು. ಪಶ್ಚಿಮದ ಯುದ್ಧ ಅವನಿಗೆ ಚಿಕ್ಕಪ್ಪನ ಯುದ್ಧವಾಗಿ ಕಂಡಿತು. 1380ರ ಮೇ 31ರಂದು ದೋವಿದಿಶ್ಕೆಸ್ ಎಂಬಲ್ಲಿ, ಬೇಟೆಯ ನೆಪದಲ್ಲಿ ಕೂಡಿ, ಅವನು ಸಂಘದವರೊಡನೆ ಗುಟ್ಟಾಗಿ ಒಪ್ಪಂದ ಮಾಡಿಕೊಂಡನು. ಸಂಘದವರು ಕೇಸ್ತುತಿಸ್‌ನ ನಾಡಿನ ಮೇಲೆ ಬಿದ್ದರೆ ತಾನು ಅಡ್ಡಬರುವುದಿಲ್ಲ. ಸಂಶಯ ಬಾರದಿರಲೆಂದು ತನ್ನ ಸೈನ್ಯ ಕೇಸ್ತುತಿಸ್‌ನ ಜೊತೆಗೆ ಕಾಣಿಸಿಕೊಂಡರೂ ಅದನ್ನು ಒಪ್ಪಂದದ ಉಲ್ಲಂಘನೆಯೆಂದು ತಿಳಿಯಬಾರದು. ಹೊರಗೆ ನೆರವಿನ ತೋರಿಕೆ, ಒಳಗೆ ಕೈಬಿಡುವ ಕರಾರು.

1381ರ ಆರಂಭದಲ್ಲಿ ಸಂಘದವರು ತ್ರಾಕಾಯ್ ಸೀಮೆಗೆ ನುಗ್ಗಿದರು. ಆ ದಾಳಿಯಲ್ಲಿ ಲಿಥುವೇನಿಯಾದ ನೆಲದ ಮೇಲೆ ಮೊದಲ ಬಾರಿಗೆ ಸಿಡಿಮದ್ದಿನ ಫಿರಂಗಿಗಳು ಗುಡುಗಿದವು. ಯೊಗೈಲಾನಿಂದ ನೆರವು ಬರಲಿಲ್ಲ. ಗುಟ್ಟನ್ನು ಕೇಸ್ತುತಿಸ್‌ಗೆ ತಿಳಿಸಿದವನು ಸಂಘದವರಲ್ಲೇ ಒಬ್ಬ: ಓಸ್ಟರೋಡೆ ಕೋಟೆಯ ಅಧಿಕಾರಿ, ದಾನುತೆಯ ದೀಕ್ಷಾಸ್ನಾನದಲ್ಲಿ ಧರ್ಮಪಿತನಾಗಿ ನಿಂತಿದ್ದ ಗುಂಥರ್ ಹೋಹನ್‌ಸ್ಟೈನ್. ರಕ್ತಸಂಬಂಧಿ ಮುಚ್ಚಿಟ್ಟದ್ದನ್ನು ಹಗೆಯ ಪಾಳೆಯದ ನೆಂಟ ಬಿಚ್ಚಿಟ್ಟನು. ಯೊಗೈಲಾನೊಡನೆ ಕೂಡಿ ಬೆಳೆದಿದ್ದ ವೀತೌತಾಸ್ ಈ ಮಾತನ್ನು ನಂಬಲಿಲ್ಲ. ತಂದೆಯ ಸಂಶಯ ಸುಳ್ಳೆಂದು ವಾದಿಸಿದನು.

ಯೊಗೈಲಾನ ಸೈನ್ಯ ಪೊಲೊತ್ಸ್ಕ್‌ನ ಮುತ್ತಿಗೆಯಲ್ಲಿ ತೊಡಗಿದ್ದಾಗ ಕೇಸ್ತುತಿಸ್ ವಿಲ್ನಿಯಸ್ಸನ್ನು ಅನಾಯಾಸವಾಗಿ ಹಿಡಿದನು. ಮೂವತ್ತಾರು ವರ್ಷಗಳ ಹಿಂದೆ ಅಣ್ಣನಿಗಾಗಿ ಹಿಡಿದ ಕೋಟೆಯನ್ನು ಈಗ ಅಣ್ಣನ ಮಗನಿಂದ ಹಿಡಿಯಬೇಕಾಯಿತು. ಅಲ್ಲಿ ಒಪ್ಪಂದದ ಪತ್ರ ಸಿಕ್ಕಿತು. ವೀತೌತಾಸ್‌ನ ಸಂಶಯವೂ ತೀರಿತು. ಇಂಥ ಸಮಯದಲ್ಲಿ ಬೇರೆ ಯಾವ ಅರಸನೂ ಮಾಡುತ್ತಿದ್ದುದನ್ನು ಕೇಸ್ತುತಿಸ್ ಮಾಡಲಿಲ್ಲ. ಯೊಗೈಲಾನನ್ನು ಕೊಲ್ಲಲಿಲ್ಲ, ಕಣ್ಣು ಕೀಳಿಸಲಿಲ್ಲ, ಬಹುಕಾಲ ಸೆರೆಯಲ್ಲಿಡಲೂ ಇಲ್ಲ. ನಿಷ್ಠನಾಗಿರುವೆನೆಂಬ ಪ್ರಮಾಣ ಪಡೆದು, ಅವನ ತಂದೆಯ ಪಾಲಿನ ಕ್ರೇವಾ ಮತ್ತು ವಿತೆಬ್ಸ್ಕ್‌ಗಳನ್ನು ಕೊಟ್ಟು ಬಿಟ್ಟುಬಿಟ್ಟನು. ಬಾಳಿನ ಮುಸ್ಸಂಜೆಯಲ್ಲಿ ಕೇಸ್ತುತಿಸ್ ಮಹಾಪ್ರಭುವಾದದ್ದು ಹೀಗೆ. ಆ ಆಳ್ವಿಕೆ ಒಂದು ವರ್ಷವನ್ನೂ ಕಾಣಲಿಲ್ಲ.

ಕ್ರೇವಾ

1382ರ ಬೇಸಿಗೆಯಲ್ಲಿ ಯೊಗೈಲಾನ ಸೋದರ ಕರಿಬುತಾಸ್ ದೂರದ ಆಗ್ನೇಯದಲ್ಲಿ ದಂಗೆಯೆದ್ದನು. ಅದನ್ನು ಅಡಗಿಸಲು ಕೇಸ್ತುತಿಸ್ ಹೊರಟಾಗ, ಜೂನ್ 12ರಂದು, ವಿಲ್ನಿಯಸ್ಸಿನ ವರ್ತಕ ಹನೂಲ್‌ನ ಮುಂದಾಳುತನದಲ್ಲಿ ನಗರದವರು ಯೊಗೈಲಾನಿಗೆ ಬಾಗಿಲು ತೆರೆದರು. ರೀಗಾ ಮೂಲದ ಈ ವರ್ತಕನಿಗೂ ಅವನ ಸಂಗಡಿಗರಿಗೂ ಸಂಘದವರೊಡನೆ ಯುದ್ಧಕ್ಕಿಂತ ವ್ಯಾಪಾರವೇ ಬೇಕಾಗಿತ್ತು. ಅವರ ದೃಷ್ಟಿಯಿಂದ ಅದು ಅಸಹಜವೂ ಅಲ್ಲ. ಸಂಘದವರು ಯೊಗೈಲಾನ ನೆರವಿಗೆ ಬಂದರು. ತ್ರಾಕಾಯ್ ಕೂಡ ಬಿತ್ತು.

ಕೇಸ್ತುತಿಸ್ ಝೆಮೈತಿಯಾದಲ್ಲಿ ಸೈನ್ಯವನ್ನು ಕೂಡಿಸಿಕೊಂಡು ಮಗನೊಡನೆ ಮರಳಿದನು. ಆಗಸ್ಟ್ 3ರಂದು ತ್ರಾಕಾಯ್ ಸಮೀಪ ಎರಡು ಸೈನ್ಯಗಳು ಎದುರುಬದುರಾದವು. ಆದರೆ ಕಾಳಗ ನಡೆಯಲಿಲ್ಲ. ಸಂಧಿಯ ಮಾತಾಡೋಣವೆಂಬ ಕರೆ ಬಂತು. ಪ್ರಾಣಕ್ಕೆ ಅಪಾಯವಿಲ್ಲವೆಂದು ಯೊಗೈಲಾನ ಸೋದರ ಸ್ಕಿರ್ಗೈಲಾ ಭರವಸೆ ಕೊಟ್ಟನು. ಕೇಸ್ತುತಿಸ್ ಮತ್ತು ವೀತೌತಾಸ್ ಆ ಮಾತನ್ನು ನಂಬಿ ಎದುರು ಪಾಳೆಯಕ್ಕೆ ಹೋದರು; ಅಲ್ಲೇ ಸೆರೆಯಾದರು. ನಾಯಕರಿಲ್ಲದ ಸೈನ್ಯ ಚದುರಿಹೋಯಿತು. ಕೇಸ್ತುತಿಸ್‌ನನ್ನು ಕ್ರೇವಾ ಕೋಟೆಗೆ ಒಯ್ದರು. ಕೆಲವೇ ದಿನಗಳಲ್ಲಿ ಆ ಮುದುಕ ಅಲ್ಲಿ ಸತ್ತು ಬಿದ್ದಿದ್ದನು. ತಾನೇ ನೇಣು ಹಾಕಿಕೊಂಡನೆಂದು ಯೊಗೈಲಾನ ಕಡೆಯವರು ಸಾರಿದರು. ಕತ್ತು ಹಿಸುಕಿ ಕೊಂದರೆಂದು ಜನ ನಂಬಿದರು; ವೃತ್ತಾಂತಗಳೂ ಹಾಗೆಯೇ ಹೇಳುತ್ತವೆ.

ಶವವನ್ನು ವಿಲ್ನಿಯಸ್ಸಿಗೆ ತಂದು, ಹಳೆಯ ಧರ್ಮದ ವಿಧಿಯಂತೆ, ಕುದುರೆ, ಆಯುಧ, ಬೇಟೆನಾಯಿ, ಬೇಟೆಹಕ್ಕಿಗಳೊಡನೆ ಚಿತೆಗೇರಿಸಿದರು. ಕೊಂದವರೇ ಸಂಸ್ಕಾರವನ್ನೂ ನೆರವೇರಿಸಿದರು. ಐದು ವರ್ಷಗಳ ಮೇಲೆ, 1387ರಲ್ಲಿ, ನಾಡಿಗೆ ನಾಡೇ ಕ್ರೈಸ್ತವಾಗತೊಡಗಿತು. ಹಳೆಯ ದೇವರುಗಳ ಲಿಥುವೇನಿಯಾ ಉರಿಸಿದ ಕೊನೆಯ ರಾಜಚಿತೆಗಳಲ್ಲಿ ಅದೂ ಒಂದು.

ಉಳಿದದ್ದು

ಸೆರೆಯಲ್ಲಿದ್ದ ವೀತೌತಾಸ್‌ನನ್ನು ಉಳಿಸಿದವಳು ಅವನ ಹೆಂಡತಿ ಆನಾ. ಅವಳ ಜೊತೆ ಸೆರೆಮನೆಗೆ ಬಂದ ದಾಸಿಯ ಉಡುಪನ್ನು ಉಟ್ಟು ಅವನು ಹೊರಬಿದ್ದನು. ಮುಂದೆ ಸಂಘದವರಲ್ಲೇ ಆಸರೆ ಪಡೆದು, ಯೊಗೈಲಾನೊಡನೆ ಕಾದಾಡಿ, ರಾಜಿಯಾಗಿ, ಮತ್ತೆ ಮುನಿದು, 1392ರಲ್ಲಿ ಕೊನೆಗೂ ಅವನಿಂದ ಲಿಥುವೇನಿಯಾದ ಆಳ್ವಿಕೆಯನ್ನು ಪಡೆದನು. ಯೊಗೈಲಾ ಅಷ್ಟರಲ್ಲಿ ಪೋಲೆಂಡಿನ ರಾಜ. ಆ ಪಟ್ಟಕ್ಕೆ ದಾರಿಮಾಡಿದ 1385ರ ಒಪ್ಪಂದಪತ್ರಕ್ಕೆ ಅಂಕಿತ ಬಿದ್ದದ್ದು ಅದೇ ಕ್ರೇವಾ ಕೋಟೆಯಲ್ಲಿ, ಚಿಕ್ಕಪ್ಪ ಸತ್ತ ಮೂರು ವರ್ಷಗಳ ಮೇಲೆ. 1410ರ ಜುಲೈ 15ರಂದು ಗ್ರುನ್‌ವಾಲ್ಡ್ ಬಯಲಿನಲ್ಲಿ ಯೊಗೈಲಾ ಮತ್ತು ವೀತೌತಾಸ್, ಎಂದರೆ ಕೇಸ್ತುತಿಸ್‌ನ ಸಾವಿಗೆ ಹೊಣೆಯಾದವನೂ ಕೇಸ್ತುತಿಸ್‌ನ ಮಗನೂ, ಹೆಗಲಿಗೆ ಹೆಗಲು ಕೊಟ್ಟು ನಿಂತು ಟ್ಯೂಟಾನಿಕ್ ಸಂಘದ ಬೆನ್ನೆಲುಬನ್ನು ಮುರಿದರು. ಕೇಸ್ತುತಿಸ್ ಬಾಳಿಡೀ ಕಾದ ಝೆಮೈತಿಯಾ, ನಡುವೆ ಕೈಬದಲಾಗಿ, 1422ರ ಸಂಧಿಯಲ್ಲಿ ಶಾಶ್ವತವಾಗಿ ಲಿಥುವೇನಿಯಾಕ್ಕೆ ಸೇರಿತು.

ಮತವನ್ನು ಬದಲಿಸಿ, ಪೋಲೆಂಡಿನೊಡನೆ ಕೂಡಿ ನಾಡನ್ನು ಉಳಿಸಿದ ಯೊಗೈಲಾನ ದಾರಿಯೇ ಫಲಕೊಟ್ಟಿತು, ಕೇಸ್ತುತಿಸ್‌ನದು ಮುಗಿದುಹೋಗುತ್ತಿದ್ದ ಲೋಕದ ದಾರಿ ಎಂದು ಹೇಳುವವರಿದ್ದಾರೆ. ಆ ಮಾತಿನಲ್ಲಿ ಹುರುಳಿಲ್ಲದಿಲ್ಲ. ಆದರೆ ಉಳಿಸಿಕೊಳ್ಳಲು ನಾಡೊಂದು ಉಳಿದಿರಬೇಕಲ್ಲ. ಮೂರೂವರೆ ದಶಕ ಗಡಿಯಲ್ಲಿ ನಿಂತು ಅದನ್ನು ಉಳಿಸಿಟ್ಟವನು ಈ ಎರಡನೆಯ ಸ್ಥಾನದ ಪ್ರಭು. ಅಣ್ಣನಿಗೆ ಕೊಟ್ಟ ಮಾತನ್ನು ಅವನು ಕಾದುಕೊಂಡನು. ಪರರಾಜನಿಗೆ ಇಟ್ಟ ಆಣೆಯನ್ನು ಮುರಿದನು. ತನ್ನವರ ಮಾತನ್ನು ನಂಬಿ ಸತ್ತನು. ಈ ಮೂರನ್ನೂ ಒಟ್ಟಿಗೆ ಹಿಡಿದು ನೋಡಿದರೆ ಮಾತ್ರ ಅವನ ಪೂರ್ಣ ಚಿತ್ರ ದೊರೆಯುತ್ತದೆ.

ಅವನ ಭಾಷೆ ಬರಹಕ್ಕೆ ಇಳಿದ ಮೇಲೆ ಆ ಭಾಷೆಯ ಕವಿಗಳು ಅವನನ್ನು ಮರೆಯಲಿಲ್ಲ. ಲಿಥುವೇನಿಯಾ ಮತ್ತೆ ಸ್ವತಂತ್ರವಾದ ಕೆಲವೇ ವರ್ಷಗಳಲ್ಲಿ, 1921ರಲ್ಲಿ, ಕವಿ ಮೈರೋನಿಸ್ ಅವನ ಸಾವನ್ನೇ ವಸ್ತುವಾಗಿಟ್ಟುಕೊಂಡು ನಾಟಕ ಬರೆದನು. ಇಂದಿಗೂ ಆ ನಾಡಿನಲ್ಲಿ ಗಂಡುಮಕ್ಕಳಿಗೆ ಕೇಸ್ತುತಿಸ್ ಎಂದೂ ಹೆಣ್ಣುಮಕ್ಕಳಿಗೆ ಬಿರುತೆ ಎಂದೂ ಹೆಸರಿಡುವುದುಂಟು. ತನ್ನ ನುಡಿಯಲ್ಲಿ ಒಂದು ಅಕ್ಷರವನ್ನೂ ಬರೆದಿಡಲಾಗದೆ ಹೋದವನ ಹೆಸರು, ಆರು ಶತಮಾನಗಳ ಮೇಲೆ, ಅದೇ ನುಡಿಯ ಶಾಲಾಮಕ್ಕಳ ಹಾಜರಿ ಪುಸ್ತಕದಲ್ಲಿ ಉಳಿದಿದೆ.